ಬಡಗಣ ದಡಕ್ಕೆ ಓಗೊಡುವ ಎನೋಸ್

ಜೋಥಮ್ ಪ್ರೂಯಿಟ್ ತೀರಿಕೊಂಡ ಸುದ್ದಿ ನಮ್ಮ ಸಿಕಮೋರ್ ದಡಕ್ಕೆ ಬಂದದ್ದು ಮಾರ್ಚ್ ತಿಂಗಳ ಒಂದು ಶನಿವಾರ, ಹೊತ್ತು ನೆತ್ತಿಗೇರುವ ಮುಂಚೆ. ಸುದ್ದಿಯ ಜೊತೆಗೇ ಅವನೂ ಬಂದ. ಒಹಾಯೊ ನದಿಯ ಆಚೆಯಿಂದ, ಒಂದೇ ಮರ ಕೊರೆದು ಮಾಡಿದ ದೋಣಿಯಲ್ಲಿ, ಆ ನೆಲದ ಮೂಲ ಜನರಾದ ಶಾನೀ ಕುಲದ ತಾಯಿ ಮಗ ಇಬ್ಬರು ಅವನನ್ನು ತಂದರು. ಮಗ ಹುಟ್ಟು ಹಾಕುತ್ತಿದ್ದ. ತಾಯಿ ದೋಣಿಯ ನಡುವೆ ಕುಳಿತು, ಜಿಂಕೆಯ ಚರ್ಮ ಸುತ್ತಿದ ಜೋಥಮನ ತಲೆಯನ್ನು ಮಡಿಲಲ್ಲಿ ಇಟ್ಟುಕೊಂಡಿದ್ದಳು. ದೋಣಿ ಅಲುಗಿದಾಗ ತಲೆ ಮರಕ್ಕೆ ಬಡಿಯಬಾರದೆಂದು.

ಇಪ್ಪತ್ತೆರಡು ಮನೆಯ ಜನ ದಡಕ್ಕೆ ಇಳಿದರು. ಆ ಮಗನನ್ನು ನಾವು ಸಕ್ಕರೆಯವನು ಎನ್ನುತ್ತಿದ್ದೆವು. ಚಳಿ ಮುಗಿಯುವ ಹೊತ್ತಿಗೆ ಅವನ ಜನ ಮೇಪಲ್ ಮರಗಳಿಗೆ ಗಾಯ ಮಾಡಿ, ರಸ ಇಳಿಸಿ, ಕಾಯಿಸಿ ಸಕ್ಕರೆ ಮಾಡುತ್ತಾರೆ. ಅವನ ನಿಜವಾದ ಹೆಸರು ಜೋಥಮನೊಬ್ಬನಿಗೆ ಗೊತ್ತಿತ್ತು. ಉಳಿದವರು ಕೇಳಿರಲಿಲ್ಲ.

"ಮರದ ಬುಡದಲ್ಲಿ ಇದ್ದ. ಕಾಲು ಮುರಿದಿತ್ತು," ಎಂದು ಅವನು ನಮ್ಮ ಮಾತಿನಲ್ಲಿ ತಡೆತಡೆದು ಹೇಳಿದ. "ನಾನು ಮುಟ್ಟಿದಾಗ ಎದೆ ಇನ್ನೂ ಪೂರ್ತಿ ತಣ್ಣಗಾಗಿರಲಿಲ್ಲ. ಮೊನ್ನೆ ಬೆಳಿಗ್ಗೆ ಅಮ್ಮನಿಗೆ ಹಾಡು ಕೇಳಿಸ್ತು. ನಿನ್ನೆ ಬೆಳಿಗ್ಗೆನೂ ಕೇಳಿಸ್ತು. ನಿಮ್ಮೋರು ಪ್ರಾರ್ಥನೆ ಮಾಡ್ತಿದ್ದಾರೆ ಅಂದ್ಕೊಂಡ್ವಿ. ನೀವು ಪ್ರಾರ್ಥನೆ ಮಾಡುವಾಗ ನಾವು ಹತ್ತಿರ ಬರಲ್ಲ. ನಿನ್ನೆ ಸಂಜೆ ಅಮ್ಮ ಅಂದಳು, ಇದು ಸರಿಯಿಲ್ಲ, ಭಾನುವಾರ ಆ ಕಡೆ ಹೋದ್ರೆ ನೀರಿನ ಮೇಲೆ ಅವರ ಹಾಡು ಬರುತ್ತಲ್ಲ, ಒಬ್ಬ ಕೂಗಿದ್ರೆ ಎಲ್ಲರೂ ತಿರುಗಿ ಕೂಗ್ತಾರೆ, ಇವನಿಗೆ ಯಾರೂ ಕೂಗ್ತಾ ಇಲ್ಲ, ಅಂತ. ಬೆಳಗಾದ ಮೇಲೆ ಹೋದೆ. ತಡ ಆಗಿತ್ತು."

ಜೋಥಮನ ಹೆಂಡತಿ ತಬಿತಾ ಅಳಲಿಲ್ಲ. ಗಂಡನ ಮುಖದ ಮೇಲಿನ ಕೆಸರನ್ನು ಶಾಲಿನ ತುದಿಯಿಂದ ಒರೆಸಿ, ಪಕ್ಕದಲ್ಲಿ ನಿಂತಿದ್ದ ತನ್ನ ಅಣ್ಣ ಎನೋಸ್ ಹಾರ್ಗಿಸ್‌ನ ಕಡೆ ತಿರುಗಿದಳು.

"ಅಣ್ಣ, ಗುರುವಾರ ಬೆಳಿಗ್ಗೆ ನಿನ್ನ ದೋಣಿ ಅದೇ ದಾರೀಲಿ ಬಂತಲ್ಲ. ನಿನಗೇನೂ ಕೇಳಿಸಲಿಲ್ವಾ?"

"ಮಂಜಿತ್ತು, ತಬಿತಾ," ಎಂದ ಎನೋಸ್.

ಅವಳು ಕೇಳಿದ್ದು ಕಿವಿಯ ಮಾತು. ಅವನು ಹೇಳಿದ್ದು ಕಣ್ಣಿನ ಮಾತು. ದಡದಲ್ಲಿದ್ದ ನಮ್ಮೆಲ್ಲರಿಗೂ ಅದು ತಿಳಿಯಿತು. ಆದರೆ ಹೆಣದ ಮುಂದೆ ಯಾರೂ ಬಾಯಿ ತೆರೆಯಲಿಲ್ಲ.

ಅದಾಗಿ ಎರಡು ವರ್ಷ. ಎನೋಸ್‌ಗೆ ಈಗ ಅರವತ್ತೊಂದು. ಇವತ್ತೂ ನದಿಯ ಮೇಲೆ ಮಂಜು ಕೂತಿದೆ. ಮೊದಲ ಕೋಳಿ ಕೂಗಿ ಸ್ವಲ್ಪ ಹೊತ್ತಾಗಿದೆ. ಅವನು ತನ್ನ ಇಪ್ಪತ್ತೆರಡು ಅಡಿಯ ದೋಣಿಗೆ ಎರಡು ಚೀಲ ಉಪ್ಪು, ಮೇಣದ ಬಟ್ಟೆಯಲ್ಲಿ ಸುತ್ತಿದ ಸೂಜಿಗಳು, ಒಂದು ಕಬ್ಬಿಣದ ಬಾಣಲೆ, ಒಂದು ಕಂಬಳಿ, ಮುರಿದ ಮೂಳೆಗೆ ಕಟ್ಟಲು ನಾಲ್ಕು ತೆಳು ಹಲಗೆ ಇಡುತ್ತಾನೆ. ಮುಸುಕಿನ ಜೋಳದ ರೊಟ್ಟಿಯನ್ನು ಅಂಗಿಯೊಳಗೆ ಎದೆಗೆ ಒತ್ತಿ ಇಟ್ಟುಕೊಳ್ಳುತ್ತಾನೆ. ನಡು ಹೊಳೆಯಲ್ಲಿ ಅದೊಂದೇ ಬಿಸಿ. ದೋಣಿ ತಳ್ಳಿ ಏರುವಾಗ ಸೊಂಟ ಹಿಡಿದು ಒಮ್ಮೆ ಸುಮ್ಮನೆ ನಿಲ್ಲುತ್ತಾನೆ. ಆಮೇಲೆ ಹುಟ್ಟು ಕಿರಿಚುತ್ತದೆ.

ಆ ಕಿರಿಚಾಟ ಹೊಳೆಯಲ್ಲಿ ಹೆಸರುವಾಸಿ. ಹುಟ್ಟು ಕೂರುವ ಗೂಟಕ್ಕೆ ಹಂದಿಯ ಕೊಬ್ಬು ಸವರಿದರೆ ಸದ್ದು ನಿಲ್ಲುತ್ತದೆ, ಎಲ್ಲರೂ ಸವರುತ್ತಾರೆ. ಎನೋಸ್ ಮೊದಲು ಸೋಮಾರಿತನದಿಂದ ಸವರುತ್ತಿರಲಿಲ್ಲ. ಈಗ ಬೇಕೆಂದೇ ಸವರುವುದಿಲ್ಲ. "ಕೇಳಿಸಲಿ," ಎನ್ನುತ್ತಾನೆ. "ಮಂಜಿನಲ್ಲಿ ಕೂತೋನಿಗೆ ಯಾರೋ ಬರ್ತಿದ್ದಾರೆ ಅಂತ ಗೊತ್ತಾಗಲಿ."

ನಡು ಹೊಳೆ ದಾಟಿದ ಮೇಲೆ ಹುಟ್ಟು ಎತ್ತಿ ಹಿಡಿದು ಕಿವಿಗೊಡುತ್ತಾನೆ. ನೂರು ಎಣಿಸುವಷ್ಟು ಹೊತ್ತು. ಮತ್ತೆ ಸ್ವಲ್ಪ ದೂರ, ಮತ್ತೆ ನೂರು. ನಾಲ್ಕು ಮೈಲಿ ಮೇಲಕ್ಕೆ ಹೀಗೇ ಬಡಗಣ ದಡ ಹಿಡಿದು ಹೋಗುತ್ತಾನೆ. ಹರಿವಿಗೆ ಎದುರಾಗಿ ಮೂರು ಗಂಟೆಯ ದಾರಿ ಅದು. ಹಿಂದಕ್ಕೆ ಬರಲು ಒಂದು ಗಂಟೆ ಸಾಕು. ನದಿ ಹೆಪ್ಪುಗಟ್ಟಿದ ದಿನ ಮತ್ತು ಭಾನುವಾರ ಬಿಟ್ಟರೆ ಈ ದೋಣಿ ತಪ್ಪಿದ ದಿನವಿಲ್ಲ. ಈ ಎರಡು ವರ್ಷದಲ್ಲಿ ಆಚೆ ದಡದಿಂದ ಕೂಗಿದ ನಲವತ್ತಮೂರು ಜನರನ್ನು ದಾಟಿಸಿದ್ದಾನೆ. ದಾರಿ ತಪ್ಪಿದ ಭೂಮಿ ಅಳೆಯುವವನು, ಚಳಿಜ್ವರ ಹಿಡಿದ ಒಬ್ಬ ಹೊರೆ ವ್ಯಾಪಾರಿ, ಹೆರಿಗೆ ನೋವು ಬಂದ ಒಬ್ಬ ಶಾನೀ ಹೆಂಗಸು ಮತ್ತು ಅವಳ ಅತ್ತೆ. ಒಂದು ಸಲ ಮಂಜಿನಲ್ಲಿ ನರಳಿಕೆ ಕೇಳಿ ಹೋದರೆ, ಯಾರದೋ ಹಸು ಹುದುಲಲ್ಲಿ ಸಿಕ್ಕಿತ್ತು. ಅದನ್ನೂ ಎಳೆದು ಬಿಡಿಸಿದ.

"ನಮ್ಮ ಹಿರಿಯರು ಈಗ ಗೂಬೆ ಕೂಗಿದ್ರೂ ದೋಣಿ ಇಳಿಸ್ತಾರೆ," ಎಂದು ಹೈರಮ್ ಡಾಬ್ಸ್ ಹಂಗಿಸುತ್ತಾನೆ. ಎನೋಸ್‌ನ ದೊಡ್ಡ ದೋಣಿಯಲ್ಲಿ ಹನ್ನೊಂದು ವರ್ಷ ಪಕ್ಕದ ಹುಟ್ಟು ಎಳೆದವನು ಈ ಹೈರಮ್.

"ಗೂಬೆ ಆದ್ರೆ ತಿರುಗಿ ಬಂದ್ರಾಯ್ತು," ಎನ್ನುತ್ತಾನೆ ಎನೋಸ್. "ನಿನಗೇನು ಕಷ್ಟ? ನಿನ್ನ ಮನೆ ಕೋಳಿ ತಿಂದದ್ದು ಅದೇ ಗೂಬೆ ಇರಬೇಕು, ಕೇಳ್ಕೊಂಡು ಬರ್ತೀನಿ."

ಅವನು ನಗಿಸಬಲ್ಲ. ಆದರೆ ತಾನು ನಗುವುದನ್ನು ಈ ಎರಡು ವರ್ಷದಲ್ಲಿ ನಾವು ಕಂಡಿಲ್ಲ.

ಎನೋಸ್ ಮತ್ತು ಜೋಥಮ್ ಗುಡ್ಡಸಾಲು ದಾಟಿ ಇಲ್ಲಿಗೆ ಬಂದಾಗ ಈ ದಡದಲ್ಲಿ ಮೂರು ಸಿಕಮೋರ್ ಮರ ಬಿಟ್ಟರೆ ಹೇಳಿಕೊಳ್ಳುವಂಥದು ಏನೂ ಇರಲಿಲ್ಲ. ಆಳಿಗೊಂದು ಕೊಡಲಿ, ಇಬ್ಬರಿಗೂ ಸೇರಿ ಒಂದು ಹಸು, ಮತ್ತು ತಬಿತಾ. ಹಸು ಮೊದಲ ಚಳಿಗಾಲ ದಾಟಲಿಲ್ಲ. ಆ ವರ್ಷ ಮೂವರೂ ಕಾಡು ಟರ್ಕಿ ಕೋಳಿಯ ಎದೆಮಾಂಸವನ್ನೇ ರೊಟ್ಟಿ ಎಂದು ಕರೆದು, ಕರಡಿಯ ಮಾಂಸವನ್ನು ಅದರ ಮೇಲಿಟ್ಟು ತಿಂದರು. "ಮಾಂಸದ ಜೊತೆಗೆ ಮಾಂಸ. ತಬಿತಾ ಕೃತಜ್ಞತೆಯ ಪ್ರಾರ್ಥನೆ ಮಾಡುವಾಗ 'ಈ ರೊಟ್ಟಿಗಾಗಿ' ಅಂತ ಹೇಳಿ ಒಂದು ಕಣ್ಣು ತೆಗೆದು ಭಾವನ್ನ ನೋಡೋಳು. ಅವನು ನಗು ತಡೆಯೋಕಾಗದೆ ಹೊರಗೆ ಓಡೋನು," ಎಂದು ಎನೋಸ್ ನೆನೆಯುತ್ತಾನೆ.

ಅವರಿಬ್ಬರೂ ಒಬ್ಬರನ್ನೊಬ್ಬರು ಭಾವ ಎಂದೇ ಕರೆದುಕೊಂಡವರು. ಪ್ರತಿ ಶರತ್ಕಾಲದಲ್ಲಿ ನಲವತ್ತಡಿ ಉದ್ದದ ಹಲಗೆ ದೋಣಿ ಕಟ್ಟುವರು. ಸೆಣಬಿನ ನಾರು ತುಂಬಿ, ರಾಳ ಬಳಿದು ಸಂದು ಮುಚ್ಚುವರು. ಹಿಟ್ಟಿನ ಪೀಪಾಯಿ, ಉಪ್ಪು ಹಾಕಿದ ಹಂದಿಮಾಂಸ, ಹೊಗೆಸೊಪ್ಪು, ತೊಗಲು, ಉಪ್ಪು, ಸೂಜಿ, ಬಾಣಲೆ ಹೇರಿಕೊಂಡು ದಡದಿಂದ ದಡಕ್ಕೆ ಮಾರುತ್ತ ತೆಂಕಣಕ್ಕೆ ಇಳಿಯುವರು. ಕೊನೆಯ ಪೇಟೆಯಲ್ಲಿ ಸರಕೆಲ್ಲ ತೀರಿದ ಮೇಲೆ ದೋಣಿಯನ್ನೂ ಹಲಗೆಯಾಗಿ ಬಿಚ್ಚಿ ಮಾರಿ, ಕಾಡಿನ ಹಾದಿಯಲ್ಲಿ ಎರಡು ತಿಂಗಳು ನಡೆದು ಮನೆಗೆ ಬರುವರು. ಹೀಗೆ ಹನ್ನೊಂದು ಸಲ. ಹರಿವಿನ ಎದುರು ಅಂಥ ದೋಣಿ ಬರುವುದಿಲ್ಲ. ಅದಕ್ಕೆ ಹೋಗಲು ಮಾತ್ರ ಗೊತ್ತು.

ಎನೋಸ್ ಹಿಂದಿನ ಚುಕ್ಕಾಣಿ ಹುಟ್ಟಿಗೆ. ಮಾತು, ಮಾರಾಟ ಎಲ್ಲ ಜೋಥಮನದು. ದಡ ಕಾಣುತ್ತಿದ್ದಂತೆ ತಗಡಿನ ಕಹಳೆಯನ್ನು ಮೂರು ಸಲ ಊದುವನು. ಹೆಂಗಸರು ಮಕ್ಕಳು ತೊಗಲು ಬೆಣ್ಣೆ ಹಿಡಿದು ಓಡಿ ಬರುವರು.

"ಜೋಥಮ್, ಹೋದ ಸಲ ಕೊಟ್ಟ ಸೂಜಿಗೆ ಕಣ್ಣೇ ಇಲ್ಲ ಕಣಪ್ಪ," ಎಂದು ಒಬ್ಬ ಮುದುಕಿ ಜಗಳಕ್ಕೆ ಬಂದರೆ, "ಇದೆ ತಾಯಿ, ಅದು ನಿಮ್ಮನ್ನ ನೋಡ್ತಾ ಇದೆ, ನೀವು ಅದನ್ನ ನೋಡ್ತಾ ಇಲ್ಲ ಅಷ್ಟೆ," ಎಂದು ತಾನೇ ಕೂತು ದಾರ ಪೋಣಿಸಿ ಕೊಡುವನು. ಹತ್ತು ಸೂಜಿಗೆ ಪೋಣಿಸಿ ಇಟ್ಟು ಬರುವನು, ಮುಂದಿನ ಸಲ ಬರುವವರೆಗೆ ಸಾಲಲಿ ಎಂದು. ಕಾಗದಗಳನ್ನು ಪುಕ್ಕಟೆ ಒಯ್ಯುವನು. ಓದು ಬಾರದವರಿಗೆ ಓದಿ ಹೇಳುವನು. ಕೆಟ್ಟ ಸುದ್ದಿ ಇದ್ದರೆ ಮೊದಲು ಮನೆಯ ಸೌದೆ ಒಡೆದು ಕೊಟ್ಟು, ಆಮೇಲೆ ಓದುವನು.

"ನಿನ್ನ ಹುಟ್ಟಿನ ಕಿರಿಚಾಟ ಇದ್ದಮೇಲೆ ನನ್ನ ಕಹಳೆ ದಂಡ, ಭಾವ," ಎಂದು ಅವನು ಎನೋಸ್‌ನನ್ನು ಛೇಡಿಸುತ್ತಿದ್ದ. "ಮೂರು ಮೈಲಿ ದೂರದ ಹಂದಿಗಳೂ ಮೇವಿಗೆ ಕರೆದರು ಅಂತ ಓಡಿ ಬರ್ತವೆ."

ಈ ಮಾತು ಈಗ ಎನೋಸ್‌ನನ್ನು ಮುಳ್ಳಿನಂತೆ ಚುಚ್ಚುತ್ತದೆ. ಆ ಗುರುವಾರ ಮಂಜಿನಲ್ಲಿ ಹೋಗುತ್ತಿದ್ದ ದೋಣಿ ಯಾರದೆಂದು ಜೋಥಮನಿಗೆ ಗೊತ್ತಿತ್ತು.

ಬಡಗಣ ದಡದಿಂದ ಯಾರೇ ಕೂಗಲಿ, ದೋಣಿ ತಿರುಗಿಸಬಾರದು. ಆಚೆ ದಡದ ಶಾನೀ ಜನರೊಡನೆ ಯುದ್ಧ ನಡೆದ ವರ್ಷಗಳಲ್ಲಿ ಹೊಳೆಯ ಜನ ಪ್ರಾಣ ತೆತ್ತು ಕಲಿತ ನಿಯಮ ಇದು. ಸೆರೆ ಸಿಕ್ಕ ನಮ್ಮವರನ್ನು ದಡದಲ್ಲಿ ನಿಲ್ಲಿಸಿ, 'ಕಾಪಾಡಿ' ಎಂದು ಕೂಗಿಸುತ್ತಿದ್ದರು. ಮನಸ್ಸು ಕರಗಿ ದಡಕ್ಕೆ ಹತ್ತಿದ ದೋಣಿ ಮತ್ತೆ ಹೊರಡುತ್ತಿರಲಿಲ್ಲ. ಹಾಗೆ ಹೋದ ಒಂದು ದೋಣಿಯನ್ನು ಎನೋಸ್ ಕಣ್ಣಾರೆ ಕಂಡಿದ್ದಾನೆ. ಆ ದಡ ಯಾರದು, ಅವರು ಯಾಕೆ ಹಾಗೆ ಮಾಡಿದರು ಎಂದು ನಾವು ಆಗ ಕೇಳಿಕೊಳ್ಳಲಿಲ್ಲ. ಕೇಳಿಕೊಂಡಿದ್ದರೆ ಉತ್ತರ ಅವರ ನೆಲದ ಮೇಲೆ ಎದ್ದ ನಮ್ಮ ಗುಡಿಸಲಿನ ಬಾಗಿಲಲ್ಲೇ ಇತ್ತು.

ಜೋಥಮ್ ಸಾಯುವ ಹೊತ್ತಿಗೆ ಎರಡೂ ಕಡೆಯವರು ಶಾಂತಿಯ ಕಾಗದಕ್ಕೆ ಗುರುತು ಹಾಕಿ ಎರಡು ವರ್ಷವಾಗಿತ್ತು. ಎರಡು ವರ್ಷದಲ್ಲಿ ಆಚೆಯಿಂದ ಒಂದು ಕಲ್ಲೂ ಬಿದ್ದಿರಲಿಲ್ಲ. ಆದರೂ ನಿಯಮ ಉಳಿದಿತ್ತು. ಅದನ್ನು ಬಿಟ್ಟವನು ಜೋಥಮ್ ಒಬ್ಬನೇ. ಚಿಕ್ಕ ದೋಣಿಯಲ್ಲಿ ಒಬ್ಬನೇ ಆಚೆ ಹೋಗಿ, ಉಪ್ಪು ಸೂಜಿ ಕೊಟ್ಟು ಸಕ್ಕರೆ ತರುತ್ತಿದ್ದ. ನಾವು ಅವನ ಬೆನ್ನ ಹಿಂದೆ ನಕ್ಕೆವು, ಅವನು ತಂದ ಸಕ್ಕರೆಯನ್ನು ಗಂಜಿಗೆ ಹಾಕಿಕೊಂಡು ಉಂಡೆವು.

ಆ ಬುಧವಾರ ಅವನು ಹಾಗೇ ಹೋಗಿದ್ದ. ನೀರಡಿಯಲ್ಲಿ ಬೇರೂರಿ ನಿಂತ ಮರವೊಂದಕ್ಕೆ ತಾಗಿ ದೋಣಿ ಮಗುಚಿತು. ಕಾಲು ಮುರಿಯಿತು. ಕಹಳೆ ನೀರುಪಾಲಾಯಿತು. ತೆವಳಿಕೊಂಡು ಆಚೆ ದಡದ ಸಿಕಮೋರ್ ಮರದ ಬುಡ ಸೇರಿದ.

ಗುರುವಾರ ಬೆಳಗಿನ ಜಾವ ಎನೋಸ್ ಹೊಳೆಯ ಮೇಲ್ಗಡೆಯ ಕೋಟೆಯಿಂದ, ಅಲ್ಲೇ ಕಟ್ಟಿದ ದೊಡ್ಡ ದೋಣಿಯಲ್ಲಿ ಇಳಿದು ಬರುತ್ತಿದ್ದ. ಪಕ್ಕದ ಹುಟ್ಟುಗಳಿಗೆ ಹೈರಮ್ ಮತ್ತು ಅವನ ತಮ್ಮ. ದೋಣಿಯ ಮಾಡಿನ ಕೆಳಗೆ, ಹೊಸದಾಗಿ ನೆಲೆಸಲು ಬಂದ ಗಂಡ ಹೆಂಡತಿ ಮತ್ತು ನಾಲ್ಕು ಮಕ್ಕಳು. ದೋಣಿಯ ಮೂಗು ಬಾಲಕ್ಕೆ ಕಾಣದಂಥ ಮಂಜು.

"ಓ ದೋಣಿಯವರೇ," ಎಂದು ಬಡಗಣದಿಂದ ಒಡೆದ ದನಿ ಬಂತು.

"ಹಿರಿಯರೇ, ಕೇಳಿಸ್ತಾ?" ಎಂದ ಹೈರಮ್.

"ಕೇಳಿಸ್ತು. ಬಾಯಿ ಮುಚ್ಚಿ ಎಳಿ," ಎಂದು ಎನೋಸ್ ಚುಕ್ಕಾಣಿಯ ಮೇಲೆ ಎದೆ ಕೊಟ್ಟು ದೋಣಿಯನ್ನು ತೆಂಕಣಕ್ಕೆ ತಳ್ಳಿದ. ಜೋಥಮ್ ಆಗಿದ್ದರೆ ಕಹಳೆ ಊದುತ್ತಿದ್ದ ಎಂದು ಮನಸ್ಸಿಗೆ ಹೇಳಿಕೊಂಡ.

ಆಗ ಸಾಲು ಬಂತು.

ನಮ್ಮ ಸಭೆಯಲ್ಲಿ ಹಾಡಿನ ಪುಸ್ತಕ ಮನೆಗೊಂದಿಲ್ಲ. ಒಬ್ಬ ಒಂದು ಸಾಲು ಎತ್ತುತ್ತಾನೆ, ಉಳಿದವರು ಅದನ್ನೇ ತಿರುಗಿ ಹಾಡುತ್ತಾರೆ, ಅವನು ಮುಂದಿನದು ಎತ್ತುತ್ತಾನೆ. ಎತ್ತಿದ ಸಾಲನ್ನು ನೆಲಕ್ಕೆ ಬೀಳಿಸಬಾರದೆಂಬುದು ನಮ್ಮ ಕಟ್ಟು. ಹಾಲು ಕರೆಯುತ್ತಿರಲಿ, ಸೌದೆ ಒಡೆಯುತ್ತಿರಲಿ, ಪಕ್ಕದ ಹೊಲದವನು ಸಾಲು ಎತ್ತಿದರೆ ಕೈಕೆಲಸದ ನಡುವೆಯೇ ಓಗೊಡುತ್ತೇವೆ. ಸಾಲು ಎತ್ತುವವನು ಜೋಥಮ್. ಅಂದು ಮಂಜಿನಿಂದ ಬಂದ ಪದ ಅವನ ತಂದೆ ಕಟ್ಟಿದ್ದು. ಈ ದಡದ ಇಪ್ಪತ್ತೆರಡು ಮನೆ ಬಿಟ್ಟರೆ ಭೂಮಿಯ ಮೇಲೆ ಬೇರೆ ಯಾರಿಗೂ ಅದು ಗೊತ್ತಿಲ್ಲ.

*ಆಳದ ನೀರಲ್ಲಿ ನಿನ್ನ ಹೆಸರೇ ದಡ.*

ಮಾಡಿನ ಕೆಳಗಿನಿಂದ ಮಕ್ಕಳ ತಾಯಿ ಕೇಳಿದಳು: "ಯಾರೋ ಹಾಡ್ತಿದ್ದಾರಲ್ವಾ, ಯಜಮಾನ್ರೇ?"

"ಗಾಳಿ, ತಾಯಿ," ಎಂದ ಎನೋಸ್.

ಮಂಜು ಕವಿದ ನೀರಿನ ಮೇಲೆ ಗಾಳಿ ಇರುವುದಿಲ್ಲವೆಂದು ಅವನಿಗಿಂತ ಚೆನ್ನಾಗಿ ಬಲ್ಲವರಿಲ್ಲ.

"ಗೊತ್ತಿರಲಿಲ್ಲ ಅಂತ ಮೂರು ದಿನ ನನಗೆ ನಾನೇ ಹೇಳ್ಕೊಂಡೆ," ಎನ್ನುತ್ತಾನೆ ಎನೋಸ್ ಇವತ್ತು, ಹುಟ್ಟು ಎತ್ತಿ ಹಿಡಿದು. "ಕಿವಿಗೆ ಗೊತ್ತಿತ್ತು. ಕೈ ಕೇಳಲಿಲ್ಲ. ದೋಣೀಲಿ ಮಕ್ಕಳಿದ್ರು ಅನ್ನೋದು ನಿಜ. ಅಲ್ಲೀವರೆಗೆ ದೇವರ ಮುಂದೆ ನಿಂತು ಹೇಳಬಲ್ಲೆ. ಆದರೆ ನಾವು ಬಿಸಿಲೇರೋ ಮುಂಚೆ ಮನೆ ಸೇರಿದ್ವಿ. ಮಕ್ಕಳು ಇಳಿದ್ರು. ಆಮೇಲೆ?"

ಆಮೇಲಿನದು ಹೀಗೆ. ಮಧ್ಯಾಹ್ನ ತಬಿತಾ ಅಣ್ಣನಿಗೆ ಜೋಳದ ಗಂಜಿ ಬಡಿಸಿದಳು. "ನಿನ್ನ ಭಾವ ಇನ್ನೂ ಬಂದಿಲ್ಲ ನೋಡು. ಸಕ್ಕರೆ ಪಾಕ ನೋಡ್ತಾ ಕೂತಿರಬೇಕು, ಮಗು ಥರ," ಎಂದಳು. ಎನೋಸ್ ಗಂಜಿ ಉಂಡ. ಒಂದು ಮಾತು ಹೇಳಿದ್ದರೆ ಸಂಜೆಯೊಳಗೆ ಐದು ದೋಣಿ ಹೊರಡುತ್ತಿದ್ದವು. ಹೇಳಲಿಲ್ಲ. ಶುಕ್ರವಾರ ಬೆಳಿಗ್ಗೆ ದಡಕ್ಕೆ ಇಳಿದು ದೋಣಿಯ ಹಗ್ಗ ಬಿಚ್ಚಿದ. ಹೈರಮ್ ಮೇಲೆ ನಿಂತು ನೋಡುತ್ತಿದ್ದ. "ಹಗ್ಗ ಸವೆದಿದೆಯೇನೋ ಅಂತ ನೋಡ್ದೆ," ಎಂದು ಮತ್ತೆ ಕಟ್ಟಿದ. ಹೈರಮನೂ ಕೇಳಲಿಲ್ಲ. ಆ ಹೊತ್ತಿನಲ್ಲಿ ನಾಲ್ಕು ಮೈಲಿ ಮೇಲೆ ಜೋಥಮ್ ಎರಡನೆಯ ದಿನದ ಸಾಲು ಎತ್ತುತ್ತಿದ್ದ.

"ಹೇಳಿದ್ರೆ, ಕೇಳಿಸಿತ್ತಾ, ಮತ್ತೆ ಯಾಕೆ ನಿಲ್ಲಿಸಲಿಲ್ಲ ಅಂತಾರಲ್ಲ. ಆ ಒಂದು ಪ್ರಶ್ನೆಗೆ ಹೆದರಿದೆ," ಎನ್ನುತ್ತಾನೆ. "ಜೀವಕ್ಕೆ ಹೆದರಿದ್ರೆ ಅದಕ್ಕೊಂದು ಮರ್ಯಾದೆ ಇತ್ತು. ನಾನು ಹೆದರಿದ್ದು ನಾಲ್ಕು ಜನದ ಮಾತಿಗೆ."

ಭಾನುವಾರ ಮಣ್ಣು ಮಾಡಿದೆವು. ಬೋಧಕರು ಕುದುರೆ ಏರಿ ಬರುವುದು ಎರಡು ತಿಂಗಳಿಗೊಮ್ಮೆ, ಅಂದು ಇರಲಿಲ್ಲ. ಸಾಲು ಎತ್ತುವವನೇ ಕುಣಿಯಲ್ಲಿದ್ದ. ವಯಸ್ಸಿನಲ್ಲಿ ಹಿರಿಯನೆಂದು ಎನೋಸ್‌ನನ್ನು ಮುಂದೆ ಬಿಟ್ಟೆವು. ಟೋಪಿ ಕೈಯಲ್ಲಿ ಹಿಡಿದು ನಿಂತ. ಬಾಯಿ ತೆರೆದ. ದನಿ ಬರಲಿಲ್ಲ. ದುಃಖವೆಂದು ತಿಳಿದು ಕಾದೆವು. ಸಕ್ಕರೆಯವನು ಮತ್ತು ಅವನ ತಾಯಿ ಬೇಲಿಯ ಆಚೆ ನಿಂತಿದ್ದರು. ಒಳಗೆ ಬನ್ನಿ ಎಂದು ಯಾರೂ ಕರೆದಿರಲಿಲ್ಲ.

ಎನೋಸ್ ಆ ಮುದುಕಿಯ ಕಡೆ ನೋಡಿದ. ಆಮೇಲೆ ತಂಗಿಯ ಕಡೆ ತಿರುಗಿದ.

"ತಬಿತಾ, ನಾನು ಈ ಸಾಲು ಎತ್ತೋ ಹಾಗಿಲ್ಲ. ಗುರುವಾರ ಬೆಳಿಗ್ಗೆ ಇದು ನನಗೆ ಕೇಳಿಸ್ತು."

ಹೈರಮ್ ಡಾಬ್ಸ್ ಹಿಂದಿನ ಸಾಲಿನಿಂದ ಮುಂದೆ ಬಂದು ಎನೋಸ್‌ನ ಪಕ್ಕ ನಿಂತ. "ನನಗೂ ಕೇಳಿಸ್ತು, ಅಕ್ಕ," ಎಂದು ನೆಲ ನೋಡಿದ.

ತಬಿತಾ ಅಣ್ಣನನ್ನೇ ನೋಡುತ್ತಿದ್ದಳು. "ಎಷ್ಟು ಸಲ?"

"ಮೂರು ಸಲ."

"ಮೂರು ಸಲವೂ ಅದೇ ಸಾಲಾ?"

"ಅದೇ ಸಾಲು. ಎರಡು ಸಲ ಎತ್ತಿ ಕಾದ. ಮೂರನೇ ಸಲ..." ಎನೋಸ್ ಟೋಪಿಯನ್ನು ಹಿಂಡಿದ. "ಮೂರನೇ ಸಲ ಅವನೇ ಎತ್ತಿ, ಅವನೇ ಓಗೊಟ್ಟ."

ಕ್ಷಮಿಸಿದೆ ಎಂದು ಅವಳು ಹೇಳಲಿಲ್ಲ. ಬೈಯಲೂ ಇಲ್ಲ. ಬೇಲಿಯ ಬಳಿಗೆ ನಡೆದು, ಆ ಶಾನೀ ಮುದುಕಿಯ ಕೈ ಹಿಡಿದು ಒಳಗೆ ಕರೆತಂದು ತನ್ನ ಪಕ್ಕದಲ್ಲಿ ನಿಲ್ಲಿಸಿಕೊಂಡಳು. ಮಗ ಹಿಂದೆಯೇ ಬಂದ. ನಮ್ಮ ಸಭೆಯಲ್ಲಿ ಹೆಂಗಸರು ಸಾಲು ಎತ್ತುವ ವಾಡಿಕೆ ಇಲ್ಲ.

"ನಾನು ಎತ್ತುತೀನಿ. ಅಣ್ಣ, ನೀನು ಓಗೊಡು," ಎಂದಳು. "ನೀನೊಬ್ಬನೇ. ಬೇರೆ ಯಾರೂ ಬಾಯಿ ಬಿಡಬೇಡಿ."

ಅವಳು ಎತ್ತಿದಳು. ಅರವತ್ತು ಜನರ ನಡುವೆ ಎನೋಸ್ ಒಬ್ಬನೇ, ಒಡೆದ ದನಿಯಲ್ಲಿ, ಒಂದೊಂದು ಸಾಲಿಗೂ ಓಗೊಟ್ಟ. ಕೊನೆಯ ಸಾಲಿನವರೆಗೂ. ನಾವು ತಲೆ ತಗ್ಗಿಸಿ ನಿಂತಿದ್ದೆವು. ಅಂದು ಅವನೊಬ್ಬನ ಬಾಯಲ್ಲಿ ಬಂದದ್ದು ನಮ್ಮೆಲ್ಲರ ನಾಚಿಕೆ. ಆಚೆ ದಡದ ಕೂಗಿಗೆ ನಮ್ಮಲ್ಲಿ ಯಾರಾದರೂ ದೋಣಿ ತಿರುಗಿಸುತ್ತಿದ್ದೆವೇ ಎಂದು ಕೇಳಿಕೊಂಡರೆ, ಎದೆ ಮುಟ್ಟಿ ಹೌದು ಎನ್ನುವವರು ಅಲ್ಲಿ ಇರಲಿಲ್ಲ.

ಆಮೇಲೆ ತಬಿತಾ ಎಂಟು ತಿಂಗಳು ಅಣ್ಣನೊಡನೆ ಮಾತಾಡಲಿಲ್ಲ. ಎನೋಸ್ ಆ ಶರತ್ಕಾಲ ದೊಡ್ಡ ದೋಣಿ ಕಟ್ಟಲಿಲ್ಲ. ಅಷ್ಟರಲ್ಲಾಗಲೇ ಚಿಕ್ಕ ದೋಣಿಯಲ್ಲಿ ಬೆಳಗಿನ ಜಾವ ಆಚೆ ಹೋಗಿ, ಬರಿಗೈಯಲ್ಲಿ ಕಿವಿಗೊಟ್ಟು ಬರುವುದನ್ನು ಹಿಡಿದಿದ್ದ. ಹಲವರಿಗೆ ಅವನ ತಲೆ ಕೆಟ್ಟಿದೆ ಎನಿಸಿತು. ಮೊದಲ ಹಿಮ ಬಿದ್ದ ದಿನ ದೋಣಿಗೆ ಇಳಿದರೆ, ಅದರಲ್ಲಿ ಒಂದು ಗಂಟು. ದಡದ ಮೇಲೆ ತಬಿತಾ ನಿಂತಿದ್ದಳು.

"ಸಕ್ಕರೆಯವನ ಅಮ್ಮನಿಗೆ ಸೂಜಿ ಬೇಕಂತೆ. ಸುಮ್ನೆ ಹೋಗಿ ಸುಮ್ನೆ ಬರೋ ಬದಲು ಕೊಟ್ಟು ಬಾ," ಎಂದಳು. "ದಾರ ಪೋಣಿಸಿ ಇಟ್ಟಿದ್ದೀನಿ. ಅವಳಿಗೂ ಕಣ್ಣು ಕಾಣಲ್ಲ."

ಜೋಥಮನ ವ್ಯಾಪಾರ ಹಾಗೆ ಎನೋಸ್‌ನ ಕೈಗೆ ಬಂತು. ಆಚೆ ದಡದ ಹನ್ನೊಂದು ಸಕ್ಕರೆಯ ಮನೆಗಳಿಗೆ ಈಗ ಉಪ್ಪು ಮುಟ್ಟಿಸುವವನು ಅವನೇ. ವ್ಯಾಪಾರ ಅವನಿಗೆ ಬರುವುದಿಲ್ಲ. "ಇದು ಉಪ್ಪೋ ಮರಳೋ?" ಎಂದು ಕೇಳಿದರೆ ಚೀಲದಿಂದ ಒಂದು ಚಿಟಿಕೆ ಬಾಯಿಗೆ ಹಾಕಿಕೊಂಡು, "ಎರಡೂ ಸ್ವಲ್ಪ ಇದೆ," ಎನ್ನುತ್ತಾನೆ. ಸಕ್ಕರೆಯವನ ನಿಜವಾದ ಹೆಸರನ್ನು ಕೇಳಿ ತಿಳಿದುಕೊಂಡಿದ್ದಾನೆ. ಅದನ್ನು ಸರಿಯಾಗಿ ಹೇಳಲು ಇನ್ನೂ ನಾಲಿಗೆ ಹೊರಳುವುದಿಲ್ಲ. ಅವನು ಹೇಳಿದಾಗಲೆಲ್ಲ ಆ ಮುದುಕಿ ಬೊಚ್ಚುಬಾಯಿ ಮುಚ್ಚಿಕೊಂಡು ನಗುತ್ತಾಳೆ, ಮತ್ತೊಮ್ಮೆ ಹೇಳು ಎನ್ನುತ್ತಾಳೆ. ಅವನು ಮತ್ತೊಮ್ಮೆ ಹೇಳುತ್ತಾನೆ.

ಹೊಸ ಕಹಳೆ ಮಾಡಿಸಿಕೊಡುತ್ತೇವೆಂದು ದಡದವರು ಹೇಳಿದ್ದುಂಟು. ಬೇಡವೆಂದ. "ಕಹಳೆ ಊದಿದ್ರೆ ಮಾತ್ರ ನಮ್ಮೋನು ಅಂದ್ಕೊಂಡಿದ್ದೆ. ಕಹಳೆ ಇಲ್ಲದೋನ ಕೂಗೂ ಕೂಗೇ," ಎನ್ನುತ್ತಾನೆ. ಅವನಿಗೆ ಬೇಕಾದದ್ದು ಒಂದೇ. ತಾನು ಹೋದ ಮೇಲೆ ಬೆಳಗಿನ ಈ ದೋಣಿ ನಿಲ್ಲಬಾರದು. ಕೇಳಲು ಬಾಯಿ ಬಾರದೆ ಒಂದು ವರ್ಷ ಸುಮ್ಮನಿದ್ದ. ಹೋದ ತಿಂಗಳು ಹೈರಮ್ ತಾನಾಗಿಯೇ ಬಂದು, "ಮಂಗಳವಾರ ಶುಕ್ರವಾರ ನಾನು ಹೋಗ್ತೀನಿ, ಹಿರಿಯರೇ. ನಿಮ್ಮ ಸೊಂಟಕ್ಕೂ ರಜೆ ಬೇಕು. ಆದರೆ ನಿಮ್ಮ ಹಾಗೆ ಹಸು ಎಳೆಯೋದೆಲ್ಲ ನನ್ನ ಕೈಲಿ ಆಗಲ್ಲ," ಎಂದನಂತೆ. ಅದನ್ನು ಹೇಳುವಾಗ ಎನೋಸ್‌ನ ಮುಖ ಒಂದು ಗಳಿಗೆ ತಿಳಿಯಾಗುತ್ತದೆ.

ಇವತ್ತು ದಡದಿಂದ ಯಾವ ಕೂಗೂ ಬಂದಿಲ್ಲ. ನಾಲ್ಕು ಮೈಲಿ ಮುಗಿದಿದೆ. ಮಂಜಿನಲ್ಲಿ ಬಿಳಿಯ ತೊಗಟೆಯ ಸಿಕಮೋರ್ ಮರ ಮೆಲ್ಲಗೆ ಮೂಡುತ್ತದೆ. ಅದರ ಬುಡದಲ್ಲಿ ಯಾರೋ ಮೇಪಲ್ ಸಕ್ಕರೆಯ ಒಂದು ಉಂಡೆಯನ್ನು ಎಲೆಯ ಮೇಲಿಟ್ಟು ಹೋಗಿದ್ದಾರೆ. ಯಾರೆಂದು ಎನೋಸ್ ಬಲ್ಲ. ಅವನು ಟೋಪಿ ತೆಗೆದು, ಹುಟ್ಟನ್ನು ಮೊಣಕಾಲ ಮೇಲೆ ಇಟ್ಟು, ಸಾಲು ಎತ್ತುತ್ತಾನೆ. ಉಸಿರು ತೆಗೆದುಕೊಂಡು ತಾನೇ ಓಗೊಡುತ್ತಾನೆ. ಹೊಳೆ ಅವನ ದೋಣಿಯನ್ನು ಮನೆಯ ಕಡೆ ಮೆಲ್ಲಗೆ ತಿರುಗಿಸುತ್ತದೆ.

ಕರ್ತನೇ, ನಿನ್ನ ಸೇವಕ ಜೋಥಮನು ಎರಡು ಬೆಳಗು ನಮ್ಮನ್ನು ಕರೆದ. ಹತ್ತಿರವಿದ್ದ ನಾವು ಕೇಳಿಯೂ ಕೇಳದಂತೆ ಹೋದೆವು. ನೀನು ಹಾಗೆ ಹೋಗಲಿಲ್ಲವೆಂದು ನಂಬಿದ್ದೇವೆ. ಅವನ ಮುರಿದ ಕಾಲಿಗೆ ನೋವಿಲ್ಲದ ನಡೆ ಕೊಡು. ಅವನ ಆತ್ಮಕ್ಕೆ ಮಂಜಿಲ್ಲದ ಬೆಳಗು ಕೊಡು. ಅಲ್ಲಿ ಅವನು ಸಾಲು ಎತ್ತಿದಾಗ ನಿನ್ನ ಸಭೆಯೆಲ್ಲ ತಿರುಗಿ ಹಾಡಲಿ. ಒಂದು ಸಾಲೂ ನೆಲಕ್ಕೆ ಬೀಳದಿರಲಿ. ಅವನ ತಂದೆ ಕಟ್ಟಿದ ಪದದ ಕೊನೆಯ ಸಾಲಿನಿಂದಲೇ ಬೇಡುತ್ತೇವೆ: ದಡ ಕಾಣದವಗೆ ನೀನೇ ಓಗೊಡು. ಆಮೆನ್.